ಕ್ಯಾರಿಯರ್ ಖಾಲಿ ಇರಲಿಲ್ಲ

ಚಿರಂಜೀವಿ ಮಗಳಿಗೆ ದಾವಣಗೆರೆಯಿಂದ ನಿನ್ನ ಅಪ್ಪ ಮಾಡುವ ಆಶೀರ್ವಾದಗಳು. ಇಲ್ಲಿ ನಾನೂ ನಿನ್ನವ್ವನೂ ಕ್ಷೇಮ.

ಭಾನುವಾರ ಫೋನಿನಲ್ಲಿ ಆಡಿದ ಮಾತುಗಳನ್ನು ಮತ್ತೆ ಬರೆಯುವುದಿಲ್ಲ; ಅವು ನಿನಗೂ ನೆನಪಿವೆ, ನನಗೂ ನೆನಪಿವೆ. ‘ಅಪ್ಪಾಜಿ, ಅದು ನನ್ನ ನೆನಪು’ ಎಂದು ನೀನು ಫೋನ್ ಇಟ್ಟ ಮೇಲೆ ನಿನ್ನ ಆತ್ಮಕಥನದ ಹಸ್ತಪ್ರತಿಯನ್ನು ಮತ್ತೊಮ್ಮೆ ಪೂರ್ತಿ ಓದಿದೆ. ಮೂರನೆಯ ಅಧ್ಯಾಯವನ್ನು ಎಷ್ಟು ಸಲ ಓದಿದೆನೋ, ಹಾಜರಿ ಪುಸ್ತಕ ಬರೆದೇ ಹೊಟ್ಟೆ ಹೊರೆದ ಗುಮಾಸ್ತನಾದರೂ ಲೆಕ್ಕವಿಡಲಿಲ್ಲ. ಶುಕ್ರವಾರ ಪುಸ್ತಕ ಅಚ್ಚಿಗೆ ಹೋಗುತ್ತದೆ ಎಂದಿದ್ದೆಯಲ್ಲ, ಅದಕ್ಕೆ ಮೊದಲು ಈ ಪತ್ರ ನಿನ್ನ ಕೈಸೇರಬೇಕು.

ಕರ್ನಾಟಕದ ಮ್ಯಾಂಚೆಸ್ಟರ್ ಎನಿಸಿಕೊಂಡಿದ್ದ ಊರಿನಲ್ಲಿ ಬಟ್ಟೆ ಗಿರಣಿಗಳ ಸೈರನ್ನುಗಳು ಒಂದೊಂದಾಗಿ ನಿಂತುಹೋದದ್ದು, ನನ್ನ ಮಿಲ್ಲೂ ಮುಚ್ಚಿದ ಸಂಗತಿಯನ್ನು ಓಣಿಯವರೆದುರು ಒಪ್ಪಿಕೊಳ್ಳಲಾರದೆ ನಾನು ಏಳು ತಿಂಗಳು ದಿನವೂ ಎಂಟು ಗಂಟೆಗೆ ಊಟದ ಕ್ಯಾರಿಯರ್ ಹಿಡಿದು ಹೊರಟು ರೈಲ್ವೆ ಸ್ಟೇಷನ್ನಿನ ಕಲ್ಲುಬೆಂಚಿನ ಮೇಲೆ ಸಂಜೆಯವರೆಗೆ ಕುಳಿತು ಬರುತ್ತಿದ್ದುದು, ಎಲ್ಲವನ್ನೂ ಸರಿಯಾಗಿಯೇ ಬರೆದಿರುವೆ. ನೀನು ಎಂದು ನನ್ನ ಹಿಂದೆ ಬಂದು ನೋಡಿದೆಯೋ ಇಂದಿಗೂ ತಿಳಿಯದು. ಒಂಬತ್ತು ವರ್ಷದವಳು ನನ್ನ ಅಂಗಿ ತೊಟ್ಟು ಕಟ್ಟೆಯ ಮೇಲೆ ಕುಳಿತ ಹೆಂಗಸರ ಮುಂದೆ ನನ್ನ ನಡಿಗೆಯನ್ನು ಮಾಡಿ ತೋರಿಸಿದೆ. ಓಣಿಯ ತಿರುವಿನಲ್ಲಿ ಎಡಕ್ಕೊಮ್ಮೆ ಬಲಕ್ಕೊಮ್ಮೆ ನೋಡಿ, ಮಿಲ್ಲಿನ ದಾರಿ ಬಿಟ್ಟು ಸ್ಟೇಷನ್ನಿನ ದಾರಿ ಹಿಡಿಯುವಾಗ ನನ್ನ ಎಡಭುಜ ತುಸು ಕೆಳಗಿಳಿಯುತ್ತದೆ ಎಂಬುದು ನೀನು ಮಾಡಿ ತೋರಿಸುವವರೆಗೆ ನನಗೇ ಗೊತ್ತಿರಲಿಲ್ಲ. ಅದೇ ನಿನ್ನ ಮೊದಲ ನಾಟಕವೆಂದು ಬರೆದಿರುವೆ, ಒಪ್ಪಿದೆ. ಆದರೆ ಮುಂದಿನ ಸಾಲಿನಲ್ಲಿ ‘ಅಪ್ಪಾಜಿ ಹಿಡಿದು ಹೋಗುತ್ತಿದ್ದ ಕ್ಯಾರಿಯರ್ ಖಾಲಿ’ ಎಂದಿರುವೆ. ಅದು ಖಾಲಿ ಇರಲಿಲ್ಲ.

ಕೆಳಗಿನ ಡಬ್ಬಿಯಲ್ಲಿ ಎರಡು ಜೋಳದ ರೊಟ್ಟಿ, ನಡುವಿನದರಲ್ಲಿ ಹುರುಳಿಕಾಳಿನ ಪಲ್ಯವೋ ಸೊಪ್ಪೋ, ಮೇಲಿನದರಲ್ಲಿ ಶೇಂಗಾ ಚಟ್ನಿಪುಡಿ ಇರುತ್ತಿದ್ದವು. ನಾನು ಮಿಲ್ಲಿಗೆ ಹೋಗುತ್ತಿಲ್ಲವೆಂಬುದು ನಿನ್ನವ್ವನಿಗೆ ಮೂರನೆಯ ದಿನವೇ ತಿಳಿದಿತ್ತು. ಅವಳು ಕೇಳಲಿಲ್ಲ, ನಾನು ಹೇಳಲಿಲ್ಲ. ಮನೆಯಲ್ಲಿ ಹಿಟ್ಟು ಸಾಲದ ದಿನ ತನಗೆ ಸೋಮವಾರವೆಂದೋ ಶುಕ್ರವಾರವೆಂದೋ ಉಪವಾಸದ ನೆಪ ಹೇಳಿ ಮೂರು ಡಬ್ಬಿಯನ್ನೂ ತುಂಬಿ ಕೊಟ್ಟಳು. ನೀನು ನಾಟಕ ಮಾಡಿದ್ದು ಭಾನುವಾರ. ಕೆಲಸವಿಲ್ಲದವನಾದರೂ ನಾನು ವಾರದ ರಜೆಯನ್ನು ತಪ್ಪದೆ ಪಾಲಿಸುತ್ತಿದ್ದೆ, ಆದ್ದರಿಂದ ತೊಳೆದು ಬೋರಲು ಹಾಕಿದ್ದ ಕ್ಯಾರಿಯರ್ ನಿನ್ನ ಕೈಗೆ ಸಿಕ್ಕಿತು. ಆ ಒಂದು ಭಾನುವಾರದ ಖಾಲಿಯನ್ನು ನೀನು ಏಳು ತಿಂಗಳಿಗೆ ಹಚ್ಚಿದ್ದೀಯ. ಹಾಗೆ ಬರೆದರೆ ನನಗೇನೂ ನಷ್ಟವಿಲ್ಲ, ಬಡತನದ ಜೊತೆಗೆ ಕರುಣೆಯೂ ಸಿಗುತ್ತದೆ. ಅಳಿಸಿಹೋಗುವುದು ನಿನ್ನವ್ವನ ಒಲೆ.

ರಂಗದ ಮೇಲೆ ಖಾಲಿಯೇ ಇರಲಿ, ಅದಕ್ಕೆ ನನ್ನ ತಕರಾರಿಲ್ಲ. ಸಾಣೇಹಳ್ಳಿಯ ಬಯಲು ರಂಗಮಂದಿರದ ಮೆಟ್ಟಿಲ ಮೇಲೆ ಕುಳಿತು ನಿನ್ನ ಏಕವ್ಯಕ್ತಿ ಪ್ರಯೋಗ ನೋಡಿದವನು ನಾನು. ಮಾತಿಲ್ಲದ ಐವತ್ತು ನಿಮಿಷಗಳ ಕೊನೆಯಲ್ಲಿ ಮೂರು ಡಬ್ಬಿಗಳನ್ನು ಒಂದೊಂದಾಗಿ ಬಿಡಿಸಿ ನೆಲಕ್ಕಿಟ್ಟಾಗ ಬಂದ ಆ ಟಣ್ ಎಂಬ ಸದ್ದು ರೊಟ್ಟಿ ತುಂಬಿದ ಡಬ್ಬಿಯಿಂದ ಬರಲಾರದು. ಪಕ್ಕದಲ್ಲಿದ್ದ ಹೊಸದುರ್ಗದ ರೈತರೊಬ್ಬರು ‘ಯಾರ ಮಗಳೋ’ ಎಂದರು. ಗಂಟಲು ಕಟ್ಟಿದ್ದರಿಂದ ಉತ್ತರ ಕೊಡಲಾಗಲಿಲ್ಲ. ನಾಟಕಕ್ಕೆ ಸದ್ದು ಬೇಕು, ಪದ್ಯಕ್ಕೂ ಬೇಕಾಗಬಹುದು. ಆತ್ಮಕಥನ ಬರೆಯುವವರು ಮಾತ್ರ ಹಾಜರಿ ಗುಮಾಸ್ತರ ಹಾಗೆ, ಬಂದವರನ್ನೆಲ್ಲ ಬರೆದುಕೊಳ್ಳಬೇಕು.

ಈ ಮೂರು ಕೆಲಸಗಳನ್ನೂ ಮಾಡಿದ ಲಂಕೇಶರು ನಮ್ಮ ನೆರೆಯ ಶಿವಮೊಗ್ಗ ಜಿಲ್ಲೆಯ ಕೊನಗವಳ್ಳಿಯವರು. ಅವ್ವನ ಮೇಲೆ ಅವರು ಬರೆದ ಪದ್ಯ ನಾಡಿನ ಬಾಯಲ್ಲಿದೆ. ಅಲ್ಲಿಯೂ ಅವ್ವ ದುಡಿಯುವವಳೇ ಹೊರತು ಪುರಾಣದ ಪತಿವ್ರತೆಯಲ್ಲ. 1972ರಲ್ಲಿ ಬಿ.ವಿ. ಕಾರಂತರು ಬೆಂಗಳೂರಿನ ಬಯಲಿನಲ್ಲಿ ಮೂರು ನಾಟಕಗಳನ್ನು ಆಡಿಸಿ ಕನ್ನಡ ರಂಗಭೂಮಿಯ ದಿಕ್ಕು ಬದಲಿಸಿದಾಗ ಅವುಗಳಲ್ಲಿ ಲಂಕೇಶರ ‘ಸಂಕ್ರಾಂತಿ’ಯೂ ಒಂದಾಗಿತ್ತು. ತಮ್ಮ ಆತ್ಮಕಥನ ‘ಹುಳಿಮಾವಿನ ಮರ’ ಬರೆಯುವ ಹೊತ್ತಿಗೆ ಅವರಿಗೆ ಅರವತ್ತು ದಾಟಿತ್ತು. ನಿನಗೆ ಮೂವತ್ತನಾಲ್ಕು. ಇಷ್ಟು ಬೇಗ ಆತ್ಮಕಥನವೇಕೆ ಎಂದು ಕೇಳಬಾರದೆಂದುಕೊಂಡಿದ್ದೆ, ಕೇಳಿಬಿಟ್ಟೆ.

ಕೇಳಿದ ಮೇಲೆ ಇನ್ನೊಂದನ್ನೂ ಹೇಳಿಬಿಡುತ್ತೇನೆ. ಲಂಕೇಶರು ಪದ್ಯ, ನಾಟಕ ಬರೆಯುವಾಗ ಕೈಯಲ್ಲಿ ಇಂಗ್ಲಿಷ್ ಅಧ್ಯಾಪಕನ ಸಂಬಳವಿತ್ತು. ಪತ್ರಿಕೆ ತೆಗೆದದ್ದು 1980ರಲ್ಲಿ. ಮನೆ ಬಿಟ್ಟು ಗುಬ್ಬಿ ನಾಟಕ ಕಂಪನಿ ಸೇರಿದ ಹುಡುಗ ಕಾರಂತರನ್ನೂ ಕಂಪನಿಯ ಒಡೆಯ ವೀರಣ್ಣನವರು ಓದಲೆಂದು ಕಾಶಿಗೆ ಕಳಿಸಿದರು. ನಮ್ಮೂರಿನ ಚಿಂದೋಡಿ ಲೀಲಾ ಅವರಿಗೆ 1988ರಲ್ಲಿ ಪದ್ಮಶ್ರೀ ಬಂತು, ಆದರೆ ಅವರ ಬೆನ್ನಿಗೆ ಕೆ.ಬಿ.ಆರ್. ಡ್ರಾಮಾ ಕಂಪನಿಯೂ ಟಿಕೆಟ್ ಕೊಂಡು ಬರುವ ಜನವೂ ಇದ್ದರು. ನಿನ್ನ ಪ್ರಯೋಗಕ್ಕೆ ಟಿಕೆಟ್ಟೂ ಇಲ್ಲ, ಭವಿಷ್ಯನಿಧಿಯೂ ಇಲ್ಲ. ಬಾಡಿಗೆ ಕಟ್ಟಲು ಆಗದ ತಿಂಗಳಲ್ಲಿ ನೀನೂ ಯಾವುದೋ ಸ್ಟೇಷನ್ನಿನಲ್ಲಿ ಕುಳಿತು ನಮಗೆ ‘ರಿಹರ್ಸಲ್ ಇದೆ’ ಎಂದು ಹೇಳುತ್ತಿರಬಹುದೇ ಎಂಬ ಅನುಮಾನ ನನಗೆ ಬಂದು ವರ್ಷವಾಯಿತು. ಹಾಗಿದ್ದರೆ ನಿನ್ನವ್ವನಿಗಾದರೂ ಹೇಳು. ನಾನು ಹೇಳದೆ ಇದ್ದವನು, ನನ್ನನ್ನು ನೋಡಿ ಕಲಿಯಬೇಡ.

ಆ ನಾಟಕ ನೋಡಿ ನಾನು ನಿನಗೆ ಹೊಡೆದ ಪುಟವನ್ನು ತೆಗೆ ಎಂದು ಭಾನುವಾರ ಫೋನಿನಲ್ಲಿ ಹೇಳಿದ್ದೆನಲ್ಲ, ತೆಗೆಯುವುದು ಬೇಡ. ಹೆಂಗಸರು ನಗುತ್ತಿದ್ದರು, ನಿನ್ನವ್ವ ಮಾತ್ರ ನಗದೆ ಬಾಗಿಲಲ್ಲಿ ನಿಂತಿದ್ದಳು, ನನಗೆ ಕಂಡದ್ದು ಅವಳ ಮುಖ. ನೀನು ಒಂದು ಏಟೆಂದು ಬರೆದಿರುವೆ. ಎರಡು. ಎರಡನೆಯದು ಬೀಳುವಾಗ ನೀನಿನ್ನೂ ನನ್ನ ಭುಜದ ಹಾಗೆಯೇ ನಿನ್ನ ಭುಜವನ್ನು ಇಳಿಸಿಕೊಂಡಿದ್ದೆ, ಅದನ್ನೂ ಸೇರಿಸಿಕೋ.

ಪ್ರಯೋಗದ ಕ್ಯಾರಿಯರ್ ಒಡೆದಿದೆ ಎಂದಿದ್ದೆ. ನಮ್ಮದನ್ನೇ ಈ ಪತ್ರದ ಜೊತೆ ಕಳಿಸುತ್ತಿದ್ದೇನೆ. ನಡುವಿನ ಡಬ್ಬಿಯ ಕಿವಿ ಸಡಿಲವಾಗಿದೆ, ಎತ್ತುವಾಗ ಕೆಳಗೆ ಕೈ ಕೊಡು. ಮೇಲಿನದರಲ್ಲಿ ನಿನ್ನವ್ವ ಚಟ್ನಿಪುಡಿ ತುಂಬಿದ್ದಾಳೆ.

ಇಂತಿ,
ನಿನ್ನ ಅಪ್ಪಾಜಿ