ಕೋರ್ಟ್ ಆದೇಶ ಕೈಯಲ್ಲಿದ್ದೂ ಕೆಲಸ ಆಗದವರ ಗಮನಕ್ಕೆ

ಸದಸ್ಯರೇ, ಎರ್ನಾಕುಳಂನ ಕೇರಳ ಹೈಕೋರ್ಟಿನ ತೀರ್ಪು ತಾನಾಗಿ ತಾಲೂಕು ಕಚೇರಿ ಮುಟ್ಟುತ್ತದೆಂದು ಕಾಯಬೇಡಿ. ‘ಪ್ರತಿ ಸಿಕ್ಕಿದ ದಿನದಿಂದ ಎರಡು ತಿಂಗಳೊಳಗೆ’ ಎಂದಿದ್ದರೆ, ಪ್ರತಿ ಆ ಕಚೇರಿಯ ಕೈಸೇರುವವರೆಗೆ ಗಡುವು ಶುರುವಾಗುವುದೇ ಇಲ್ಲ. ಕೋರ್ಟೇ ಸೀಲು ಹಾಕಿ ಕೊಡುವ ದೃಢೀಕೃತ ಪ್ರತಿಯನ್ನು ಕಚೇರಿಗೆ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಸೀಲು, ತಾರೀಕು ಹಾಕಿಸಿಕೊಳ್ಳಿ. ಸ್ಪೀಡ್ ಪೋಸ್ಟಿನಲ್ಲೂ ಕಳಿಸಿ, ರಸೀದಿ ಜೋಪಾನವಾಗಿಡಿ. ಜೊತೆಗಿಡುವ ಪತ್ರವನ್ನು ಕಾಸರಗೋಡಿನ ಸರಕಾರಿ ಕಚೇರಿಗಳಿಗೆ ಕನ್ನಡದಲ್ಲೇ ಬರೆಯಬಹುದು. ಅದು ಇಲ್ಲಿನ ಕನ್ನಡಿಗರಾದ ನಮ್ಮ ಹಕ್ಕು, ಬಿಡಬೇಡಿ.

ಗಡುವು ಮುಗಿದರೂ ಪಾಲಿಸದಿದ್ದರೆ 1971ರ ನ್ಯಾಯಾಂಗ ನಿಂದನೆ ಕಾಯ್ದೆಯಡಿ ಅರ್ಜಿ ಹಾಕಬಹುದು. 20ನೇ ಕಲಮಿನ ಪ್ರಕಾರ ಅದಕ್ಕೆ ಉಲ್ಲಂಘನೆಯ ದಿನದಿಂದ ಒಂದೇ ವರ್ಷ. ನೆನಪೋಲೆ ಬರೆಯುತ್ತ ಕೂತರೆ ಆ ವರ್ಷ ಹಿಗ್ಗುವುದಿಲ್ಲ. ಆದೇಶ ಆ ಅಧಿಕಾರಿಗಳಿಗೆ ಗೊತ್ತಿತ್ತು, ಪಾಲಿಸಲು ಸಾಧ್ಯವಿತ್ತು, ಬೇಕೆಂದೇ ಪಾಲಿಸಲಿಲ್ಲ ಎಂದು ತೋರಿಸಬೇಕು. ಬರೀ ವಿಳಂಬ ಸಾಲದು. ‘ಮನವಿ ಪರಿಗಣಿಸಿ’ ಎಂದಷ್ಟೇ ಆದೇಶವಿದ್ದು, ಅವರು ಪರಿಗಣಿಸಿ ತಿರಸ್ಕರಿಸಿದ್ದರೆ ಸಾಮಾನ್ಯವಾಗಿ ಅದು ನಿಂದನೆಯಲ್ಲ, ಆ ತಿರಸ್ಕಾರವನ್ನೇ ಪ್ರಶ್ನಿಸಬೇಕು. ‘ಮೇಲ್ಮನವಿ ಹಾಕಿದ್ದೇವೆ’ ಎಂಬ ಉತ್ತರಕ್ಕೆ ಹೆದರಬೇಡಿ: ಮೇಲ್ಮನವಿಯಲ್ಲಿ ತಡೆಯಾಜ್ಞೆ ಸಿಗದಿದ್ದರೆ ಆದೇಶ ಜಾರಿಯಲ್ಲೇ ಇರುತ್ತದೆ.

ಮುನ್ಸಿಫ್ ಕೋರ್ಟಿನ (ಕೆಳಹಂತದ ಸಿವಿಲ್ ಕೋರ್ಟು) ತಾತ್ಕಾಲಿಕ ಇಂಜಂಕ್ಷನ್, ಅಂದರೆ ದಾವೆ ನಡೆಯುತ್ತಿರುವಾಗ ಇಂಥದ್ದು ಮಾಡಬಾರದು ಎಂಬ ಆಜ್ಞೆಯನ್ನು, ಯಾರಾದರೂ ಮುರಿದರೆ ಎರ್ನಾಕುಳಂಗೆ ಓಡಬೇಕಿಲ್ಲ. ಅದೇ ಕೋರ್ಟಿನಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 2ಎ ನಿಯಮದಡಿ ಅರ್ಜಿ ಕೊಡಿ.