ಡಬ್ಬಿಯೊಳಗೇನಿದೆ ಎಂದು ನೋಡುವವರೂ ಬೇಕು: ಸಂಸ್ಕೃತಿ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಕನ್ನಡ ಮತ್ತು ಸಂಸ್ಕೃತಿ ಸಚಿವರಿಗೆ,

ನಮಸ್ಕಾರಗಳು. ನಾನು ಸಾಕ್ಷ್ಯಚಿತ್ರಗಳಿಗೆ ಹಳೆಯ ಫುಟೇಜ್, ಅಂದರೆ ಹಿಂದೆ ಚಿತ್ರೀಕರಿಸಿಟ್ಟ ದೃಶ್ಯಗಳನ್ನು, ಹುಡುಕಿಕೊಡುವವನು. ಕ್ಯಾಮೆರಾ ಹಿಡಿಯುವುದಿಲ್ಲ, ಎಡಿಟಿಂಗ್ ಮಾಡುವುದಿಲ್ಲ. "ಮತ್ತೆ ಮಾಡೋದೇನು?" ಅಂತ ಮನೆಯಲ್ಲೇ ಇನ್ನೂ ಕೇಳುತ್ತಾರೆ. ಅದಕ್ಕೇ ಒಂದು ರೀಲಿನ ಕಥೆ ಹೇಳುತ್ತೇನೆ.

ಒಂದು ಸಂಸ್ಥೆಯ ಉಗ್ರಾಣದಲ್ಲಿ ಸಿಕ್ಕ 16 ಎಂಎಂ ರೀಲಿನ ಡಬ್ಬಿಗೆ 'ಮೆರವಣಿಗೆ, ಬೆಂಗಳೂರು, 1982' ಎಂದು ಚೀಟಿ ಅಂಟಿತ್ತು. ಗೋಕಾಕ್ ಚಳವಳಿಯ ದೃಶ್ಯಕ್ಕಾಗಿ ಬಾಯಿಬಿಡುತ್ತಿದ್ದ ನಿರ್ದೇಶಕರಿಗೆ ಹಬ್ಬವೇ ಆಯಿತು. ನಾನು ಫ್ರೇಮ್ ಫ್ರೇಮ್ ನಿಲ್ಲಿಸಿ ನೋಡಿದೆ. ರಸ್ತೆಬದಿಯ ಕಾರುಗಳ ನಂಬರ್ ಪ್ಲೇಟೆಲ್ಲ ಮೈಸೂರು ರಾಜ್ಯದ ಕಾಲದ 'ಎಂವೈ'. ಎಂಬತ್ತರ ದಶಕದಲ್ಲಿ ಊರು ತುಂಬಿದ್ದ 'ಸಿಎ' ಹುಡುಕಿದರೂ ಇಲ್ಲ. ಕೊನೆಗೆ ಹಿಂದಿನಿಂದ ಹಾದುಹೋದ ಬಸ್ಸಿನ ಮೇಲೆ ಮೈಸೂರು ರಾಜ್ಯ ರಸ್ತೆ ಸಾರಿಗೆಯ ಹೆಸರು ಕಂಡಿತು. ರಾಜ್ಯ ಕರ್ನಾಟಕವಾದದ್ದು 1973ರ ನವೆಂಬರ್ 1ಕ್ಕೆ. ಅದು ಬೇರೆ ಯಾವುದೋ ಕಾಲದ, ಬೇರೆ ಯಾವುದೋ ಮೆರವಣಿಗೆ. ನಿರ್ದೇಶಕರು ಎರಡು ದಿನ ನನ್ನ ಜೊತೆ ಮಾತಾಡಲಿಲ್ಲ. ನಮ್ಮ ಕೆಲಸದಲ್ಲಿ ಹುಡುಕುವುದು ಅರ್ಧ, ಬೇಡ ಅನ್ನುವುದು ಅರ್ಧ.

ಸಿಕ್ಕ ದೃಶ್ಯ ಬಳಸಲು ಪಡೆಯಬೇಕಾದ ಹಕ್ಕಿನ ರಗಳೆ ಬೇರೆ. ನಮ್ಮ ಕಾಯ್ದೆಯ ಪ್ರಕಾರ ಸಿನಿಮಾದ ಕೃತಿಸ್ವಾಮ್ಯ ಬಿಡುಗಡೆಯಾದ ಮೇಲೆ 60 ವರ್ಷ. ಅಷ್ಟರಲ್ಲಿ ನಿರ್ಮಾಪಕರು ತೀರಿಕೊಂಡಿರುತ್ತಾರೆ, ಮಕ್ಕಳು ಊರು ಬಿಟ್ಟಿರುತ್ತಾರೆ, ಕರಾರುಪತ್ರ ಯಾರಲ್ಲೂ ಇರುವುದಿಲ್ಲ.

ಇತ್ತ ಸರಕೇ ಕೈತಪ್ಪುತ್ತಿದೆ. ಡಬ್ಬಿ ತೆರೆದರೆ ವಿನಿಗರ್ ವಾಸನೆ ಹೊಡೆಯುತ್ತದೆ. ಅಸಿಟೇಟ್ ಫಿಲ್ಮ್ ಕೊಳೆಯುವ ಗುರುತು ಅದು. ಟೇಪಿನ ಪಾಡು ಇನ್ನೂ ಕಷ್ಟ: ಯು-ಮ್ಯಾಟಿಕ್ ಎಂಬ ಹಳೆಯ ವಿಡಿಯೊ ಕ್ಯಾಸೆಟ್ ಇದ್ದರೆ ಅದನ್ನು ಓಡಿಸುವ ಯಂತ್ರವಿಲ್ಲ, ಯಂತ್ರವಿದ್ದರೆ ರಿಪೇರಿ ಬಲ್ಲವರಿಲ್ಲ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' 1934ರದು, ಅದರ ಒಂದು ಪ್ರಿಂಟೂ ಉಳಿದಿಲ್ಲ. 1977ರ 'ಘಟಶ್ರಾದ್ಧ'ದ ನೆಗೆಟಿವ್ ಪುಣೆಯ ಫಿಲ್ಮ್ ಆರ್ಕೈವ್‌ನಲ್ಲಿ ಉಳಿದಿತ್ತು, ಹಾಗಾಗಿ ಅದನ್ನು ದುರಸ್ತಿಗೊಳಿಸಿ 2024ರ ವೆನಿಸ್ ಚಿತ್ರೋತ್ಸವದಲ್ಲಿ ಹೊಸದರಂತೆ ತೋರಿಸಿದರು.

ಡಿಜಿಟಲೀಕರಣಕ್ಕೆ ಸರ್ಕಾರ ಹಣ ಕೊಡುವುದಿಲ್ಲ ಎನ್ನುತ್ತಿಲ್ಲ. ಆದರೆ ನಾನು ನೋಡಿದ ಟೆಂಡರ್‌ಗಳಲ್ಲಿ ಲೆಕ್ಕವೆಲ್ಲ ಗಂಟೆಗಿಷ್ಟು ಸ್ಕ್ಯಾನಿಂಗ್ ಎಂದು. ಕೂತು ನೋಡಿ, ಯಾರು, ಎಲ್ಲಿ, ಯಾವಾಗ ಎಂದು ಬರೆಯುವವರಿಗೆ ಒಂದು ಸಾಲೂ ಇರುವುದಿಲ್ಲ. ತಪ್ಪು ಚೀಟಿ ಸ್ಕ್ಯಾನ್ ಆದರೆ ತಪ್ಪು ಫೈಲ್ ಹೆಸರಾಗುತ್ತದೆ, ಅಷ್ಟೇ. ಚಲನಚಿತ್ರ ಅಕಾಡೆಮಿಯಲ್ಲಿ ಈ ಕೆಲಸಕ್ಕೆಂದೇ ನಾಲ್ಕು ಕಾಯಂ ಹುದ್ದೆ ಕೊಡಿ. ದೃಶ್ಯಗಳ ಪಟ್ಟಿ ಕನ್ನಡದಲ್ಲಿರಲಿ. ಸ್ವಂತ ಖರ್ಚಿನಲ್ಲಿ ಚಿತ್ರ ಮಾಡುವ ಹುಡುಗ ಹುಡುಗಿಯರೂ ಕೊಳ್ಳಬಹುದಾದ ದರಪಟ್ಟಿಯೊಂದಿರಲಿ.

ಆ ಡಬ್ಬಿಯ ಇಸವಿ ತಿದ್ದಿ ಎಂದು ಅರ್ಜಿ ಕೊಟ್ಟು ಬಂದಿದ್ದೆ, ಸ್ವೀಕೃತಿಯ ಸೀಲೂ ಹಾಕಿಕೊಟ್ಟರು. ಹೋದ ತಿಂಗಳು ಮತ್ತೆ ಹೋದಾಗ ಅದೇ ಕಪಾಟು, ಅದೇ ಚೀಟಿ: 1982.

ಇಂತಿ ನಮಸ್ಕಾರಗಳೊಂದಿಗೆ,
ಒಬ್ಬ ಫುಟೇಜ್ ಸಂಶೋಧಕ, ಬೆಂಗಳೂರು