ಮಗಳಿಗೊಂದು ಪತ್ರ: ರ, ಗ, ಸ, ದ, ಅ ಯಾಕೆ ಮೊದಲು?

ಪ್ರೀತಿಯ ಪುಟ್ಟಿ,

ನಿನ್ನ ಬಿ.ಇಡಿ ನೋಟ್ಸಿನ ಫೋಟೊಗಳನ್ನು ನಿಧಾನವಾಗಿ ಓದಿದೆ. ಪಠ್ಯಕ್ರಮದ ವಿಧಗಳು ಅಂತ ಉದ್ದದ ಪಟ್ಟಿ, ಪ್ರತಿಯೊಂದಕ್ಕೂ ಎರಡು ಸಾಲಿನ ವ್ಯಾಖ್ಯೆ, ಕೆಳಗೆ ಗುಣ, ದೋಷ. ಇನ್ನೊಂದು ಪುಟದಲ್ಲಿ ತಳಹದಿಗಳು: ತಾತ್ವಿಕ, ಮನೋವೈಜ್ಞಾನಿಕ, ಸಾಮಾಜಿಕ, ಐತಿಹಾಸಿಕ. 'ಪರೀಕ್ಷೆಗೆ ಬಾಯಿಪಾಠ ಮಾಡ್ತೀನಿ, ಆದರೆ ಇಂಟರ್ನ್‌ಶಿಪ್ಪಿಗೆ ಹೋದಾಗ ಇದು ಯಾವ ಕೆಲಸಕ್ಕೆ ಬರುತ್ತೆ ಅಮ್ಮ?' ಅಂತ ಕೇಳಿದ್ದೀಯ. ಫೋನಿನಲ್ಲಿ ಹೇಳಿ ಮುಗಿಸುವ ಮಾತಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ನನ್ನ ಪ್ರಕಾರ ಇಡೀ ಬಿ.ಇಡಿಯಲ್ಲಿ ಮೇಷ್ಟ್ರ ಕೈಗೆ ಅತ್ಯಂತ ಹತ್ತಿರದ ವಿಷಯ ಇದೇ. ಪುಸ್ತಕ ಬೆಂಗಳೂರಿನಿಂದ ಅಚ್ಚಾಗಿ ಬರುತ್ತದೆ, ನಿಜ. ಮಗುವಿಗೆ ಕೊನೆಗೆ ಸಿಗುವ ಪಠ್ಯಕ್ರಮ ಮಾತ್ರ ತರಗತಿಯೊಳಗೆ, ನಿನ್ನ ಕೈಯಲ್ಲೇ ತಯಾರಾಗುತ್ತದೆ.

ಸ್ಟಾಫ್‌ರೂಮಿನಲ್ಲಿ 'ಸಿಲಬಸ್ ಮುಗೀತಾ?' ಎಂದು ಕೇಳುವವರ ಮನಸ್ಸಿನಲ್ಲಿ ಇರುವುದು ಪಠ್ಯಪುಸ್ತಕದ ಪುಟಗಳು. ಪುಸ್ತಕ ಒಂದು ಸಾಧನ, ಅಷ್ಟೇ. ಸಿಲಬಸ್ ಅಂದರೆ ಯಾವ ತರಗತಿಗೆ ಯಾವ ವಿಷಯ, ಎಷ್ಟು ಅನ್ನುವ ಪಟ್ಟಿ. ಪಠ್ಯಕ್ರಮ ಇವೆರಡನ್ನೂ ಒಳಗೊಂಡು ಇನ್ನೂ ಹರವಾದದ್ದು. ಬೆಳಗಿನ ಪ್ರಾರ್ಥನೆ, ಆಟದ ಅವಧಿ, ಬಿಸಿಯೂಟದ ಸಾಲು, ಪ್ರತಿಭಾ ಕಾರಂಜಿ, ಎಲ್ಲವೂ ಅದರಲ್ಲಿ ಸೇರುತ್ತವೆ. 1949ರಲ್ಲಿ ಅಮೆರಿಕದ ಶಿಕ್ಷಣತಜ್ಞ ರಾಲ್ಫ್ ಟೈಲರ್ ನಾಲ್ಕು ಪ್ರಶ್ನೆ ಮುಂದಿಟ್ಟರು: ಶಾಲೆಯ ಉದ್ದೇಶವೇನು, ಅದಕ್ಕೆ ಯಾವ ಅನುಭವಗಳು ಬೇಕು, ಅವನ್ನು ಹೇಗೆ ಜೋಡಿಸಬೇಕು, ಉದ್ದೇಶ ಈಡೇರಿತೆಂದು ತಿಳಿಯುವುದು ಹೇಗೆ. ನೀನು ಗೆರೆ ಎಳೆದು ತುಂಬಿಸುವ ಪಾಠಯೋಜನೆಯ ಕಾಲಂಗಳಲ್ಲಿ ಈ ನಾಲ್ಕು ಪ್ರಶ್ನೆಗಳೇ ಇವೆ, ಬೇರೆ ಹೆಸರಿನಲ್ಲಿ.

ಈಗ ಒಂದು ಉದಾಹರಣೆ ಕೊಡುತ್ತೇನೆ. ನನಗೆ ಇದಕ್ಕಿಂತ ಒಳ್ಳೆಯದು ಗೊತ್ತಿಲ್ಲ.

ನಿನ್ನಜ್ಜಿ ಅ, ಆ, ಇ, ಈಯಿಂದ ಶುರುಮಾಡಿ ಕಲಿತವರು. ನಮ್ಮ ವರ್ಣಮಾಲೆಯ ಜೋಡಣೆ ನಿಜಕ್ಕೂ ಅದ್ಭುತ. ಸ್ವರಗಳು ಒಂದು ಕಡೆ. ವ್ಯಂಜನಗಳು ಗಂಟಲಿನ ಕ, ಖದಿಂದ ಹೊರಟು ತಾಲು, ಹಲ್ಲು ದಾಟಿ ತುಟಿಯ ಪ, ಫವರೆಗೆ ಬರುತ್ತವೆ. ಭಾಷೆ ಬಲ್ಲವರಿಗೆ ಅದರಷ್ಟು ಚೆಂದದ ಕ್ರಮ ಇನ್ನೊಂದಿಲ್ಲ. ಆದರೆ ಆರು ವರ್ಷದ ಮಗುವನ್ನು ಮುಂದೆ ಕೂರಿಸಿಕೊಂಡು ನೋಡು. ಅ, ಆ, ಇ, ಈ, ಉ, ಊ, ಋ ಎಂದು ವಾರಗಟ್ಟಲೆ ತಿದ್ದಿದರೂ ಅದಕ್ಕೆ ಓದಲು ಒಂದು ಪದ ಸಿಗುವುದಿಲ್ಲ. ನಮ್ಮ ಒಂದನೇ ತರಗತಿಯಲ್ಲಿ ಶುರುವಾಗುವುದು ರ, ಗ, ಸ, ದ, ಅ ಎಂದು. ಆಮೇಲೆ ಜ, ವ, ಮ, ಬ, ನ. ಮೊದಲ ಐದೇ ಅಕ್ಷರ ಕಲಿತ ಮಗು ಸರ, ರಸ, ದರ, ಅರಸ, ಅಗಸ, ಗರಗಸ ಎಲ್ಲವನ್ನೂ ಓದುತ್ತದೆ. ಓದು ಅಂದರೆ ಅರ್ಥ ಸಿಗುವ ಕೆಲಸ ಎಂದು ಅದಕ್ಕೆ ಮೊದಲ ತಿಂಗಳಲ್ಲೇ ಗೊತ್ತಾಗುತ್ತದೆ.

ವರ್ಣಮಾಲೆಯದು ವಿಷಯಕ್ಕೆ ಹೊಂದುವ ತಾರ್ಕಿಕ ಕ್ರಮ, ರ, ಗ, ಸ ಎಂಬುದು ಮಗುವಿನ ಕಲಿಕೆಗೆ ಹೊಂದುವ ಮನೋವೈಜ್ಞಾನಿಕ ಕ್ರಮ. ನಿನ್ನ ನೋಟ್ಸಿನಲ್ಲಿ 'ವಿಷಯ ಕೇಂದ್ರಿತ' ಮತ್ತು 'ಮಗು ಕೇಂದ್ರಿತ' ಎಂದು ಎದುರುಬದುರು ಬರೆದಿರುವುದು ಇದನ್ನೇ. ಆದರೆ ಅವನ್ನು ಜಗಳಕ್ಕೆ ನಿಂತ ಎರಡು ಪಕ್ಷ ಅಂದುಕೊಳ್ಳಬೇಡ. ಅಮೆರಿಕದ ತತ್ವಜ್ಞಾನಿ ಜಾನ್ ಡ್ಯೂಯಿ 1902ರಲ್ಲೇ ಇದನ್ನು ಹೇಳಿದ್ದಾರೆ: ಮಗುವಿನ ಇಂದಿನ ಅನುಭವ ಮತ್ತು ಬೆಳೆದು ನಿಂತ ಜ್ಞಾನಶಾಖೆ ಒಂದೇ ಗೆರೆಯ ಎರಡು ಬಿಂದುಗಳು. ನಮ್ಮ ಮಕ್ಕಳೂ ವರ್ಣಮಾಲೆ ಕಲಿಯುತ್ತಾರೆ, ಓದಲು ಬಂದಮೇಲೆ. ಆಗ ಅದರ ಕ್ರಮದ ಸೊಗಸು ಅವರಿಗೂ ಕಾಣುತ್ತದೆ.

ತಳಹದಿ ಎಂದರೆ ಇಷ್ಟೇ. ಯಾವುದೋ ಪಾಠ ಅಲ್ಲಿ, ಆ ತರಗತಿಯಲ್ಲಿ, ಆ ರೂಪದಲ್ಲಿ ಇರುವುದಕ್ಕೆ ಒಂದು ಕಾರಣ ಇರುತ್ತದೆ. ಆ ಕಾರಣ ಕೆಲವೊಮ್ಮೆ ಮಗು ಹೇಗೆ ಕಲಿಯುತ್ತದೆ ಎಂಬುದರಿಂದ ಬರುತ್ತದೆ, ಕೆಲವೊಮ್ಮೆ ಮನುಷ್ಯ ಹೇಗೆ ಬದುಕಬೇಕು ಎಂಬ ನಂಬಿಕೆಯಿಂದ, ಕೆಲವೊಮ್ಮೆ ಆ ಕಾಲದ ಸಮಾಜಕ್ಕೆ ಬಿದ್ದ ಪೆಟ್ಟಿನಿಂದ.

ನಂಬಿಕೆಯಿಂದ ಹುಟ್ಟಿದ್ದಕ್ಕೆ 1937ರ ವಾರ್ಧಾ ಯೋಜನೆ ನೋಡು. ಗಾಂಧೀಜಿಯ ವಿಚಾರಕ್ಕೆ ಜಾಕಿರ್ ಹುಸೇನ್ ಸಮಿತಿ ಪಠ್ಯಕ್ರಮದ ರೂಪ ಕೊಟ್ಟಿತು. ಏಳು ವರ್ಷದ ಉಚಿತ, ಕಡ್ಡಾಯ ಶಿಕ್ಷಣ, ಮಾತೃಭಾಷೆಯಲ್ಲಿ, ಒಂದು ಕಸುಬನ್ನು ನಡುವೆ ಇಟ್ಟುಕೊಂಡು. ತಕಲಿಯಲ್ಲಿ ನೂಲುವ ಮಗು ನೂಲಿನ ಎಳೆ ಎಣಿಸುತ್ತಾ ಲೆಕ್ಕ ಕಲಿಯಬೇಕು, ಹತ್ತಿ ಎಲ್ಲಿ ಬೆಳೆಯುತ್ತದೆ ಎಂದು ಕೇಳುತ್ತಾ ಭೂಗೋಳ ಕಲಿಯಬೇಕು. ಕೈಕೆಲಸ ಮಾಡುವವನು ಕೀಳು, ಓದಿದವನು ಮೇಲು ಅನ್ನುವ ನಮ್ಮ ಹಳೆಯ ರೋಗಕ್ಕೆ ಶಾಲೆಯಲ್ಲೇ ಮದ್ದು ಹುಡುಕಿದ್ದರು. ಅದು ಉಳಿಯಲಿಲ್ಲ. 1964-66ರ ಕೊಠಾರಿ ಶಿಕ್ಷಣ ಆಯೋಗ ಅದನ್ನು 'ಕಾರ್ಯಾನುಭವ' ಎಂದು ಮತ್ತೆ ಎತ್ತಿ ಹಿಡಿದರೂ, ವೇಳಾಪಟ್ಟಿಯಲ್ಲಿ ಕೊನೆಗೆ ಬೇರೆ ಮೇಷ್ಟ್ರು ಗಣಿತಕ್ಕೆ ಕೇಳಿ ಪಡೆಯುವ ಅವಧಿಯಾಗಿ ಹೋಯಿತು. ಇದು ನಮ್ಮ ಶಾಲೆಗಳ ಬಹುದೊಡ್ಡ ನಷ್ಟ ಎಂದು ನಾನು ಇವತ್ತಿಗೂ ನಂಬಿದ್ದೇನೆ.

ಸಮಾಜಕ್ಕೆ ಬಿದ್ದ ಪೆಟ್ಟಿನಿಂದ ಹುಟ್ಟಿದ್ದಕ್ಕೆ, 1957ರಲ್ಲಿ ರಷ್ಯಾ ಸ್ಪುಟ್ನಿಕ್ ಉಪಗ್ರಹ ಹಾರಿಸಿದಾಗ ಅಮೆರಿಕದಲ್ಲಿ ಆದದ್ದನ್ನು ನೋಡು. ನಮ್ಮ ವಿಜ್ಞಾನ, ಗಣಿತದ ಪಾಠವೇ ಸರಿಯಿಲ್ಲವೇನೋ ಎಂಬ ಗಾಬರಿ ಅಲ್ಲಿ ಜೋರಾಯಿತು. 1959ರಲ್ಲಿ ಅಲ್ಲಿನ ವುಡ್ಸ್ ಹೋಲ್ ಎಂಬ ಊರಿನಲ್ಲಿ ವಿಜ್ಞಾನಿಗಳು, ಮನಶ್ಶಾಸ್ತ್ರಜ್ಞರು ಸೇರಿದರು. ಆ ಚರ್ಚೆಯ ಸಾರವನ್ನು ಮನಶ್ಶಾಸ್ತ್ರಜ್ಞ ಜೆರೋಮ್ ಬ್ರೂನರ್ 1960ರಲ್ಲಿ ಪುಸ್ತಕವಾಗಿ ಬರೆದರು. ಸುರುಳಿಯಾಕಾರದ ಪಠ್ಯಕ್ರಮ ಎಂದು ನೀನು ಬರೆದುಕೊಂಡಿರುವುದು ಅಲ್ಲಿಂದ ಬಂದದ್ದು. ಯಾವ ವಿಷಯವನ್ನಾದರೂ ಮೋಸವಿಲ್ಲದ ಒಂದು ಸರಳ ರೂಪದಲ್ಲಿ ಚಿಕ್ಕ ಮಗುವಿಗೂ ಕಲಿಸಬಹುದು. ಆಮೇಲೆ ಅದಕ್ಕೇ ಮತ್ತೆ ಮತ್ತೆ ಮರಳಿ, ಪ್ರತಿ ಸಲ ಇನ್ನಷ್ಟು ಆಳಕ್ಕೆ ಹೋಗಬೇಕು. ನೀನು ಇಂಟರ್ನ್‌ಶಿಪ್ಪಿನಲ್ಲಿ ಆರನೇ ತರಗತಿಗೆ ಭಿನ್ನರಾಶಿ ಕಲಿಸಬೇಕಲ್ಲವೇ? ಆ ಮಕ್ಕಳಿಗೆ ಭಿನ್ನರಾಶಿ ಹೊಸದಲ್ಲ. ಅರ್ಧ, ಕಾಲು, ಮುಕ್ಕಾಲು ಎಂಬ ಮಾತುಗಳನ್ನು ಶಾಲೆಗೆ ಬರುವ ಮೊದಲೇ ಅಂಗಡಿಯಲ್ಲಿ ಆಡಿದ್ದಾರೆ. ಅರ್ಧ ಕೆಜಿ ಸಕ್ಕರೆ, ಕಾಲು ಕೆಜಿ ಬೇಳೆ ತಂದಿದ್ದಾರೆ. ಕೆಳಗಿನ ತರಗತಿಯಲ್ಲಿ ರೊಟ್ಟಿಯ ಚಿತ್ರಕ್ಕೆ ಬಣ್ಣ ತುಂಬಿದ್ದಾರೆ. ಹೀಗಿದ್ದೂ 1/2ಕ್ಕೆ 1/4 ಕೂಡಿಸಿದರೆ 2/6 ಎಂದು ಬರೆಯುವ ಮಕ್ಕಳು ನಿನಗೆ ಸಿಕ್ಕೇ ಸಿಗುತ್ತಾರೆ. ಅಂಗಡಿಯ ಅರ್ಧ ಕಾಲು ಬೇರೆ, ಕರಿಹಲಗೆಯ 1/2, 1/4 ಬೇರೆ ಎಂದು ಅವರಿಗೆ ಅನ್ನಿಸಿರುತ್ತದೆ. ಸುರುಳಿ ನಡುವೆ ಎಲ್ಲೋ ತುಂಡಾಗಿದೆ ಎಂದರ್ಥ. ಅದನ್ನು ಕೂಡಿಸಲು ಪುಸ್ತಕಕ್ಕೆ ಆಗದು. ನೀನೇ ತಕ್ಕಡಿ ತಂದು ಮೇಜಿನ ಮೇಲೆ ಇಡಬೇಕು.

ಉಳಿದ ವಿಧಗಳನ್ನು ಬೇಗ ಹೇಳುತ್ತೇನೆ. ಪರಿಸರ ಅಧ್ಯಯನ ಸಂಯೋಜಿತ ಪಠ್ಯಕ್ರಮಕ್ಕೆ ಉದಾಹರಣೆ. ವಿಜ್ಞಾನ, ಸಮಾಜ ಎಂದು ಬೇರೆ ಮಾಡದೆ ನೀರು, ಮನೆ, ಊಟ ಎಂದು ಒಟ್ಟಿಗೆ ನೋಡುತ್ತದೆ. ಮೂಲ ಪಠ್ಯಕ್ರಮಕ್ಕೆ 1986ರ ರಾಷ್ಟ್ರೀಯ ಶಿಕ್ಷಣ ನೀತಿಯ ಹತ್ತು ಅಂಶಗಳನ್ನು ಬರೆ. ಸ್ವಾತಂತ್ರ್ಯ ಚಳವಳಿಯ ಇತಿಹಾಸ, ಸಂವಿಧಾನದ ಹೊಣೆಗಳು, ಹೆಣ್ಣು ಗಂಡಿನ ಸಮಾನತೆ, ಪರಿಸರ ರಕ್ಷಣೆ, ವೈಜ್ಞಾನಿಕ ಮನೋಭಾವ ಅದರಲ್ಲಿವೆ. ದೇಶದ ಯಾವ ಮೂಲೆಯ ಮಗುವಿಗೂ ಇವು ತಪ್ಪಬಾರದು ಎಂಬ ಆಶಯ. ಇಸವಿಗಳಲ್ಲಿ 1993ನ್ನು ಮಾತ್ರ ಮರೆಯಬೇಡ. ವಿಜ್ಞಾನಿ ಯಶ್ ಪಾಲ್ ಅವರ ಸಮಿತಿ ಆ ವರ್ಷ ಕೊಟ್ಟ ಸಣ್ಣ ವರದಿ, ಶಾಲೆಯ ಚೀಲದ ಭಾರಕ್ಕಿಂತ ಅರ್ಥವಾಗದಿರುವುದರ ಭಾರ ಹೆಚ್ಚು ಕೆಟ್ಟದ್ದು ಎಂದು ಹೇಳಿತು. ಯಶ್ ಪಾಲ್ ನೇತೃತ್ವದಲ್ಲೇ ಬಂದ 2005ರ ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟು, ಶಾಲೆಯ ಕಲಿಕೆಯನ್ನು ಹೊರಗಿನ ಬದುಕಿಗೆ ಜೋಡಿಸಿ ಎಂದಿತು. ಈಗ 2023ರ ಚೌಕಟ್ಟೂ ಬಂದಿದೆ. ನಮ್ಮ ರಾಜ್ಯವೂ ಅದೇ ವರ್ಷ ಅರ್ಥಶಾಸ್ತ್ರಜ್ಞ ಸುಖದೇವ್ ಥೋರಟ್ ಅವರ ಅಧ್ಯಕ್ಷತೆಯಲ್ಲಿ ತನ್ನದೇ ಶಿಕ್ಷಣ ನೀತಿಗೆ ಆಯೋಗ ರಚಿಸಿತು. ಸಂವಿಧಾನದ 42ನೇ ತಿದ್ದುಪಡಿಯಿಂದ 1976ರಲ್ಲಿ ಶಿಕ್ಷಣ ಸಮವರ್ತಿ ಪಟ್ಟಿಗೆ ಹೋಯಿತು. ಹಾಗಾಗಿ ಕೇಂದ್ರ, ರಾಜ್ಯ ಎರಡಕ್ಕೂ ಇದರಲ್ಲಿ ಮಾತಿದೆ, ತಕರಾರೂ ಇದೆ.

ಅಮೆರಿಕದ ಶಿಕ್ಷಣತಜ್ಞ ಜಾನ್ ಗುಡ್‌ಲ್ಯಾಡ್ ಮಾಡಿದ ಒಂದು ವಿಂಗಡಣೆ ನನಗೆ ತುಂಬ ಇಷ್ಟ. ತಜ್ಞರು ಕನಸಿದ ಪಠ್ಯಕ್ರಮ ಒಂದು, ಸರ್ಕಾರ ಒಪ್ಪಿ ಅಚ್ಚುಹಾಕಿದ್ದು ಇನ್ನೊಂದು, ಮೇಷ್ಟ್ರು ಅರ್ಥಮಾಡಿಕೊಂಡದ್ದು ಮತ್ತೊಂದು, ತರಗತಿಯಲ್ಲಿ ನಡೆದದ್ದು ಬೇರೆ, ಮಗು ಅನುಭವಿಸಿದ್ದು ಎಲ್ಲಕ್ಕಿಂತ ಬೇರೆ. ಐದರಲ್ಲಿ ಮೂರನೆಯದೂ ನಾಲ್ಕನೆಯದೂ ಪೂರ್ತಿ ನಿನ್ನವು. ಐದನೆಯದು ಅವುಗಳ ಮೇಲೇ ನಿಂತಿದೆ.

ಹಾಗೆ ಮೇಷ್ಟ್ರ ಕೈಯಿಂದಲೇ ಪಠ್ಯಕ್ರಮ ಎದ್ದು ಬಂದದ್ದು ನಮ್ಮ ಜಿಲ್ಲೆಯಲ್ಲೇ ಇದೆ, ಪುಟ್ಟಿ. 1995ರಲ್ಲಿ ಹೆಗ್ಗಡದೇವನಕೋಟೆಯ ಶಿಕ್ಷಕರು ಆಂಧ್ರದ ರಿಷಿ ವ್ಯಾಲಿ ಶಿಕ್ಷಣ ಕೇಂದ್ರಕ್ಕೆ ಹೋಗಿ ಅಲ್ಲಿನ ಹಳ್ಳಿ ಶಾಲೆಗಳನ್ನು ನೋಡಿ ಬಂದರು. ಒಬ್ಬರೇ ಶಿಕ್ಷಕರು, ಎರಡು ಮೂರು ತರಗತಿಯ ಮಕ್ಕಳು ಒಂದೇ ಕೋಣೆಯಲ್ಲಿ. ಒಂದೇ ಪುಟವನ್ನು ಎಲ್ಲರಿಗೂ ಒಟ್ಟಿಗೆ ಓದಿಸುವುದು ಅಲ್ಲಿ ಸಾಧ್ಯವೇ ಇರಲಿಲ್ಲ. ಅದನ್ನು ನೋಡಿ ಬಂದ ನಮ್ಮ ಶಿಕ್ಷಕರು ಪಾಠಗಳನ್ನು ಬಿಡಿಸಿ ಕಾರ್ಡುಗಳಾಗಿ ಮಾಡಿದರು, ಕಾರ್ಡುಗಳನ್ನು ಕಲಿಕಾ ಏಣಿಯಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಜೋಡಿಸಿದರು. ಮಗು ತನ್ನ ಮೆಟ್ಟಿಲು ತಾನೇ ಗುರುತಿಸಿ, ಕಾರ್ಡು ತೆಗೆದುಕೊಂಡು, ತನ್ನ ಗುಂಪಿಗೆ ಹೋಗಿ ಕೂರುತ್ತದೆ. ಒಂದು ಗುಂಪಿಗೆ ಶಿಕ್ಷಕರ ಪೂರ್ತಿ ನೆರವು, ಇನ್ನೊಂದಕ್ಕೆ ಗೆಳೆಯರ ನೆರವು, ಮತ್ತೊಂದು ಸ್ವಕಲಿಕೆಗೆ. ಜ್ವರ ಬಂದು ವಾರ ರಜೆ ಹಾಕಿದ ಮಗು ಬಿಟ್ಟಲ್ಲಿಂದಲೇ ಶುರುಮಾಡುತ್ತದೆ. ಅದೇ ನಲಿ-ಕಲಿ. 2009-10ರಲ್ಲಿ ಅದು ರಾಜ್ಯದ ಕನ್ನಡ ಮಾಧ್ಯಮದ ಸರ್ಕಾರಿ ಪ್ರಾಥಮಿಕ ಶಾಲೆಗಳಿಗೆಲ್ಲ ಹಬ್ಬಿತು. ಕಾರ್ಡು ಹರಿದಿದ್ದರೂ ಬದಲಿಸದ, ಏಣಿ ಗೋಡೆಯ ಅಲಂಕಾರಕ್ಕಷ್ಟೇ ಇರುವ ಕೋಣೆಗಳೂ ಇವೆ. ಅಲ್ಲಿ ಅಚ್ಚಾದ ಪಠ್ಯಕ್ರಮ ನಲಿ-ಕಲಿ, ನಡೆಯುವ ಪಠ್ಯಕ್ರಮ ಹಳೆಯ ಉರುಹೊಡೆಯುವುದೇ. ಹೆಸರು ನೋಡಿ ವಿಧ ತೀರ್ಮಾನಿಸಬೇಡ ಅನ್ನುವುದು ಇದಕ್ಕೇ.

ಇನ್ನು ಗುಪ್ತ ಪಠ್ಯಕ್ರಮ, ಅಂದರೆ ಎಲ್ಲೂ ಬರೆದಿಡದಿದ್ದರೂ ಶಾಲೆಯ ನಡವಳಿಕೆಯಿಂದಲೇ ಮಗು ಕಲಿತುಬಿಡುವುದು. ಈ ಹೆಸರು ಕೊಟ್ಟವರು ಅಮೆರಿಕದ ಶಿಕ್ಷಣತಜ್ಞ ಫಿಲಿಪ್ ಜಾಕ್ಸನ್, 1968ರಲ್ಲಿ. ನಿನ್ನ ನೋಟ್ಸಿನಲ್ಲಿ ಇದಕ್ಕೆ ಒಂದೂವರೆ ಸಾಲು ಇದೆ, ನನಗೆ ಅದು ಸಾಲದು. ಸಮಾಜ ವಿಜ್ಞಾನದ ಅವಧಿಯಲ್ಲಿ ಸಂವಿಧಾನದ 17ನೇ ವಿಧಿ ಓದಿಸುತ್ತೇವೆ, ಅಸ್ಪೃಶ್ಯತೆ ನಿಷೇಧ ಎಂದು ಬರೆಸುತ್ತೇವೆ. ಅದೇ ದಿನ ಶೌಚಾಲಯಕ್ಕೆ ನೀರು ಹಾಕಲು ಯಾವ ಮಗುವಿನ ಹೆಸರು ಕೂಗುತ್ತೇವೆ? ಬಿಸಿಯೂಟಕ್ಕೆ ಯಾರು ಯಾರ ಪಕ್ಕ ಕೂರುತ್ತಾರೆ? ಕಸ ಗುಡಿಸಲು ಹುಡುಗಿಯರು, ಬೆಂಚು ಎತ್ತಲು ಹುಡುಗರು ಎಂದು ಯಾರು ಹೇಳಿದರು? ಕಷ್ಟದ ಪ್ರಶ್ನೆ ಬಂದಾಗ ಮೇಷ್ಟ್ರ ಕಣ್ಣು ಯಾವ ಮೂಲೆಗೆ ಹೋಗುತ್ತದೆ? ಈ ಪಾಠಗಳಿಗೆ ಘಟಕ ಪರೀಕ್ಷೆ ಇಲ್ಲ, ಆದರೆ ಮಕ್ಕಳು ಇವನ್ನೇ ಎಲ್ಲಕ್ಕಿಂತ ಚೆನ್ನಾಗಿ ಕಲಿಯುತ್ತಾರೆ. ಜೀವನಪೂರ್ತಿ ಮರೆಯುವುದಿಲ್ಲ.

ಶೂನ್ಯ ಪಠ್ಯಕ್ರಮ ಇನ್ನೂ ಸೂಕ್ಷ್ಮ. ಅಮೆರಿಕದ ಇನ್ನೊಬ್ಬ ಶಿಕ್ಷಣತಜ್ಞ ಎಲಿಯಟ್ ಐಸ್ನರ್ ಹೇಳಿದ್ದು: ಶಾಲೆ ಏನನ್ನು ಕಲಿಸದೆ ಬಿಡುತ್ತದೆಯೋ ಅದೂ ಮಗುವಿನ ಮೇಲೆ ಕೆಲಸ ಮಾಡುತ್ತದೆ. ಕಾಡಂಚಿನ ಹಾಡಿಯಿಂದ ಬರುವ ಜೇನುಕುರುಬ ಮಗುವಿಗೆ ಮರ, ಜೇನು, ಗೆಡ್ಡೆಗಳ ಬಗ್ಗೆ ನನಗಿಂತ ಹೆಚ್ಚು ಗೊತ್ತು. ಅದರ ಮನೆಮಾತು ಪುಸ್ತಕದ ಕನ್ನಡವಲ್ಲ. ವರ್ಷವಿಡೀ ಅದರ ಒಂದು ಪದವೂ ಕರಿಹಲಗೆಯ ಮೇಲೆ ಬರದಿದ್ದರೆ, ತನಗೆ ಗೊತ್ತಿರುವುದು ಯಾವುದೂ ಜ್ಞಾನವಲ್ಲ ಎಂದು ಆ ಮಗು ತಿಳಿಯುತ್ತದೆ. ಹಾಗಂತ ಯಾರೂ ಬಾಯಿಬಿಟ್ಟು ಹೇಳಿರುವುದಿಲ್ಲ. ಕಲಿಕೆಯಲ್ಲಿ ಹಿಂದುಳಿದ ಮಗು ಎಂದು ನಾವು ಪಟ್ಟಿ ಮಾಡುವಾಗ ಮೊದಲು ನೋಡಬೇಕಾದ್ದು ಇದನ್ನೇ. ಶಿಕ್ಷಣ ಹಕ್ಕು ಕಾಯ್ದೆಯ 29ನೇ ಸೆಕ್ಷನ್ ತೆಗೆದು ಓದು. ಸಂವಿಧಾನದ ಮೌಲ್ಯಗಳಿಗೆ ಹೊಂದುವ ಪಠ್ಯಕ್ರಮ, ಸಾಧ್ಯವಾದ ಮಟ್ಟಿಗೆ ಮಾತೃಭಾಷೆಯಲ್ಲಿ ಬೋಧನೆ, ಮಗುವನ್ನು ಭಯ ಮತ್ತು ಆತಂಕದಿಂದ ಮುಕ್ತಗೊಳಿಸುವುದು, ಇವೆಲ್ಲ ಕಾನೂನಿನ ಮಾತುಗಳಾಗಿ ಅಲ್ಲಿವೆ. ಒಳ್ಳೆಯ ಶಿಕ್ಷಕರ ದೊಡ್ಡತನಕ್ಕೆ ಬಿಟ್ಟ ವಿಷಯ ಅಲ್ಲ ಅವು.

ಪರೀಕ್ಷೆಗೆ ವ್ಯಾಖ್ಯೆಗಳನ್ನು ಕಲಿ, ಅಂಕ ಬೇಕು. ಆದರೆ ಭಿನ್ನರಾಶಿಯ ಪಾಠಯೋಜನೆಯನ್ನು ಇನ್ನೊಮ್ಮೆ ಬರೆ. 'ಪೂರ್ವಜ್ಞಾನ' ಕಾಲಮ್ಮಿನಲ್ಲಿ 'ವಿದ್ಯಾರ್ಥಿಗಳು ಭಿನ್ನರಾಶಿಯ ಬಗ್ಗೆ ತಿಳಿದಿದ್ದಾರೆ' ಎಂದಷ್ಟೇ ಬರೆದಿದ್ದೀಯ. ಅದನ್ನು ಹೊಡೆದುಹಾಕು. ಶಾಲೆಗೆ ಸೇರಿದ ಮೊದಲ ಎರಡು ದಿನ ಪಾಠ ಬೇಡ. ಮಕ್ಕಳ ಜೊತೆ ಮಾತಾಡು. ಯಾರ ಮನೆಮಾತು ಯಾವುದು, ಯಾರು ಅಂಗಡಿಗೆ ಹೋಗುತ್ತಾರೆ, ಯಾರ ಮನೆಯಲ್ಲಿ ಹಾಲು ಅಳೆದು ಡೈರಿಗೆ ಹಾಕುತ್ತಾರೆ, ಯಾರು ಇಡೀ ದಿನ ಬಾಯಿಯೇ ಬಿಡುವುದಿಲ್ಲ, ಬರೆದುಕೋ. ಆಮೇಲೆ ಪೂರ್ವಜ್ಞಾನದ ಕಾಲಂ ತುಂಬಿಸಿ ನನಗೆ ಕಳಿಸು. ತಕ್ಕಡಿ, ತೂಕದ ಬಟ್ಟುಗಳು ನಮ್ಮ ಅಟ್ಟದಲ್ಲಿವೆ. ಭಾನುವಾರ ನಿಮ್ಮಪ್ಪ ಆ ಕಡೆ ಬರುವಾಗ ಕೊಟ್ಟು ಕಳಿಸುತ್ತೇನೆ.

ನಿನ್ನ
ಅಮ್ಮ